ಆ ರಾತ್ರಿ ಡ್ಯೂಟಿಯಲ್ಲಿದ್ದ ಡಾಕ್ಟರಿಗೆ

ಗಾಬರಿಯಲ್ಲಿ ನಿಮ್ಮ ಹೆಸರು ಕೇಳುವುದನ್ನೇ ಮರೆತೆ. ಅದಕ್ಕೇ ಇಲ್ಲಿ ಬರೆಯುತ್ತಿದ್ದೇನೆ.

ಬಚ್ಚಲಲ್ಲಿ ಜಾರಿ ಬಿದ್ದ ಅಮ್ಮನ ಭುಜದ ಕೀಲು ತಪ್ಪಿತ್ತು. ಆಗಷ್ಟೇ ಊಟ ಆಗಿತ್ತು, ಉಬ್ಬಸ ಬೇರೆ. ಮತ್ತಿನ ಔಷಧಿ ಕೊಡಬೇಕಾಗುತ್ತೇನೋ ಅಂತ ಹೆದರಿದ್ದೆ. ನೀವು ಎಕ್ಸ್‌ರೇ ನೋಡಿ, "ಮತ್ತಿನ ಔಷಧಿ ಬೇಡಮ್ಮ, ಕೀಲಿಗೇ ಇಂಜೆಕ್ಷನ್ ಕೊಡ್ತೀನಿ, ನೋವು ಕಮ್ಮಿ ಆಗುತ್ತೆ" ಅಂದಿರಿ. ಸೂಜಿ ಹಾಕಿ ಮೊದಲು ಒಳಗೆ ತುಂಬಿದ್ದ ರಕ್ತ ಎಳೆದಿರಿ. ಆಮೇಲೆ ಮರಗಟ್ಟಿಸುವ ಔಷಧಿ, ಶೇ. 1ರ ಲಿಗ್ನೋಕೇನ್, 20 ಎಂಎಲ್, ನಿಧಾನವಾಗಿ. ಔಷಧಿ ಹಿಡಿಯಲಿ ಅಂತ ಕಾಲು ಗಂಟೆ ಕಾದಿರಿ. ಹೊರಗೆ ಅಷ್ಟು ಜನ ಇದ್ದರೂ ಅವಸರ ಮಾಡಲಿಲ್ಲ. ನನ್ನ ದೊಡ್ಡ ಥ್ಯಾಂಕ್ಸ್ ಅದಕ್ಕೇ.

ಅಮ್ಮನ ಜೊತೆ ಮಾತಾಡುತ್ತಲೇ ತೋಳನ್ನು ಮೆಲ್ಲಗೆ ತಿರುಗಿಸಿದಿರಿ. ಟಕ್ ಅಂತ ಕೂತಿತು. ಅಮ್ಮ ಚೀರಲೇ ಇಲ್ಲ. ಈಗಲೂ ನಿಮ್ಮನ್ನು "ಆ ಮಗು" ಅಂತಲೇ ನೆನೆಯುತ್ತಾರೆ.