ಏಕವ್ಯಕ್ತಿ ಪ್ರಯೋಗಗಳ ಮೊದಲ ಓದು: ಭಾನುವಾರ ಸಂಜೆ 5ಕ್ಕೆ

ಎಲ್ಲ ಸದಸ್ಯರಿಗೂ ನಮಸ್ಕಾರ.

ಬರುವ ಭಾನುವಾರ ಸಂಜೆ 5 ಗಂಟೆಗೆ ಎಂದಿನ ತಾಲೀಮು ಕೋಣೆಯಲ್ಲಿ ಮೊದಲ ಓದು ನಡೆಯಲಿದ್ದು, ಕಥೆಯನ್ನಾಗಲಿ ಐತಿಹಾಸಿಕ ಭಾಷಣವನ್ನಾಗಲಿ ರಂಗಕ್ಕೆ ಅಳವಡಿಸುತ್ತಿರುವವರೆಲ್ಲರೂ ತಮ್ಮ ರಂಗಪಠ್ಯವನ್ನು ಶುಕ್ರವಾರ ರಾತ್ರಿಯೊಳಗೆ ಇಲ್ಲಿ ಹಾಕಬೇಕೆಂದು ಕೋರುತ್ತೇನೆ.

ಭಾಷಣ ಆರಿಸಿಕೊಂಡವರಿಗೆ ಒಂದು ಮಾತು. 1863ರಲ್ಲಿ ಅಬ್ರಹಾಂ ಲಿಂಕನ್, ಅಮೆರಿಕದ ಅಂತರ್ಯುದ್ಧದಲ್ಲಿ ಮಡಿದ ಸೈನಿಕರ ಸ್ಮಶಾನವಿದ್ದ ಗೆಟ್ಟಿಸ್‌ಬರ್ಗ್‌ನಲ್ಲಿ ಮಾಡಿದ ಭಾಷಣ ಸುಮಾರು 270 ಪದಗಳಷ್ಟೇ ಇದ್ದು, ಮೂರು ನಿಮಿಷದೊಳಗೆ ಮುಗಿದುಹೋಗುತ್ತದೆ. ಆದ್ದರಿಂದ ಮಾತಿಗೆ ಮುನ್ನ ಆ ಮನುಷ್ಯ ಕೈಯಲ್ಲಿನ ಹಾಳೆ ಬಿಡಿಸುವುದನ್ನೂ ಎದುರಿನ ಹೊಸ ಸಮಾಧಿಗಳ ಕಡೆ ನೋಡುವುದನ್ನೂ ದೃಶ್ಯವಾಗಿ ಕಟ್ಟಿಕೊಳ್ಳಬೇಕು. ನನ್ನ ಮಟ್ಟಿಗೆ ನಾಟಕವಿರುವುದು ಅಲ್ಲೇ.

ಹಕ್ಕುಸ್ವಾಮ್ಯ ಇನ್ನೂ ಉಳಿದಿರುವ ಕಥೆಯಾದರೆ ಹಕ್ಕುದಾರರ ಲಿಖಿತ ಅನುಮತಿ ಕಡ್ಡಾಯ.

ಬರುವವರೂ ಬರಲಾಗದವರೂ ಗುರುವಾರದೊಳಗೆ ದಯವಿಟ್ಟು ಉತ್ತರಿಸಿ.