ಐನೊ ಅಂದರೆ ಒಬ್ಬಳೇ ಒಬ್ಬಳು

ಲೋ ಗೆಳೆಯಾ,

ಮಗುವಿಗೆ ಏನು ಹೆಸರಿಟ್ಟೆ ಅಂತ ನೀನು ಮೂರು ಸಲ ಕೇಳಿದೆ. ಮೂರು ಸಲವೂ ನಾನು ಮಾತು ಬದಲಿಸಿದೆ. ಫೋನಿನಲ್ಲಿ ಹೇಳೋಕೆ ಆಗಲಿಲ್ಲ ಕಣೋ. ಬರೆದರೆ ಆಗಬಹುದು ಅಂತ ಕೂತಿದ್ದೇನೆ. ನಿನಗೊಬ್ಬನಿಗೇ ಬರೆದರೆ "ಬಿಡೋ, ಹಳೇ ಕಥೆ" ಅಂತ ಸಮಾಧಾನ ಹೇಳಿ ಮುಗಿಸಿಬಿಡುತ್ತೀಯ. ಅದಕ್ಕೇ ನಾಲ್ಕು ಜನ ಓದುವ ಕಡೆ ಹಾಕುತ್ತಿದ್ದೇನೆ. ಬೆಣ್ಣೆ ಬಿಸ್ಕತ್ತು ಕಮಿಟಿಯವರು ಯಾರಾದರೂ ಓದುತ್ತಿದ್ದರೆ ಅವರಿಗೂ ನಮಸ್ಕಾರ.

ಇಲ್ಲಿ ಫಿನ್ಲೆಂಡಿನ ಎಸ್ಪೋ ಊರಿನಲ್ಲಿ ರಾತ್ರಿ ಹತ್ತು ಗಂಟೆ. ಹೊರಗೆ ಇನ್ನೂ ಬೆಳಕಿದೆ. ಮಗು ಈಗ ತಾನೇ ಮಲಗಿತು.

ಫಿನ್ಲೆಂಡಿನಲ್ಲಿ ಮಗು ಹುಟ್ಟಿ 3 ತಿಂಗಳೊಳಗೆ ಹೆಸರು ತಿಳಿಸಬೇಕು. 4 ಹೆಸರಿನ ತನಕ ಇಡಬಹುದು. ಹನ್ನೆರಡನೇ ದಿನ ಅಮ್ಮ ವಿಡಿಯೋ ಕಾಲ್‌ನಲ್ಲೇ ತೊಟ್ಟಿಲ ಹಾಡು ಹೇಳಿದರು. ಆಗ ಮಗುವಿನ ಕಿವಿಯಲ್ಲಿ ಮನೆದೇವರ ಹೆಸರು ಹೇಳಿ ಸುಮ್ಮನಾದೆವು. ಕರೆಯುವ ಹೆಸರು ಮಾತ್ರ ಸಿಕ್ಕಿರಲಿಲ್ಲ. ಇಲ್ಲಿನವರ ಬಾಯಲ್ಲೂ ಮುರಿಯಬಾರದು, ಅಮ್ಮನ ಬಾಯಲ್ಲೂ ಮುರಿಯಬಾರದು ಅಂತ ನನ್ನ ಹೆಂಡತಿಯ ಆಸೆ.

ಮೇ 10ಕ್ಕೆ ಮೇಲಿನ ಮನೆಯ ಅಜ್ಜಿ ಲಿಫ್ಟಿನಲ್ಲಿ ಸಿಕ್ಕಿದರು. ಇಲ್ಲಿ ಕ್ಯಾಲೆಂಡರಿನ ಒಂದೊಂದು ದಿನಕ್ಕೂ ಒಂದೊಂದಿಷ್ಟು ಹೆಸರು ಇರುತ್ತವೆ. ಆ ಹೆಸರಿನವರಿಗೆ ಆ ದಿನ ಶುಭಾಶಯ ಹೇಳುತ್ತಾರೆ, ಕಾಫಿಗೆ ಕರೆಯುತ್ತಾರೆ. ಅಜ್ಜಿ ಮಗುವಿನ ಕೆನ್ನೆ ನೋಡಿ, "ಇವತ್ತು ಐನೊ ದಿನ. ನಮ್ಮಮ್ಮನ ಹೆಸರು" ಅಂದರು. ಅಷ್ಟೇ. ಅವರ ಮಹಡಿ ಬಂತು, ಇಳಿದು ಹೋದರು.

ಐನೊ. ಮೊದಲ ಅಕ್ಷರಕ್ಕೆ ಒತ್ತು, ಕೊನೆಗೆ ಹ್ರಸ್ವ. ನಮ್ಮ ನಾಲಿಗೆಗೆ ಏನೂ ಕಷ್ಟವಿಲ್ಲ. ಫಿನ್ನಿಶ್ ಒಂಥರಾ ನಮ್ಮ ಭಾಷೆಯ ಹಾಗೇ ಕಣೋ. ಹ್ರಸ್ವ, ದೀರ್ಘ, ಒತ್ತಕ್ಷರ ತಪ್ಪಿದರೆ ಅರ್ಥವೇ ಬೇರೆ. ತಕ್ಕ ಅಂದರೆ ಮನೆಯೊಳಗಿನ ಬೆಂಕಿಗೂಡು, ತಾಕ್ಕ ಅಂದರೆ ಹೊರೆ. ಐನೊ ಅಂದರೆ ಏನು ಅಂತ ಆ ರಾತ್ರಿಯೇ ಹುಡುಕಿದೆ. "ಒಬ್ಬಳೇ ಒಬ್ಬಳು". ಈಗಲೂ ಇಲ್ಲಿನ ದಿನದ ಮಾತಿನಲ್ಲಿ ಐನೊಆ ಅಂದರೆ ಒಂದೇ ಒಂದು. ಇವಳಿಗೆ ಹೇಳಿದೆ. ಅವಳ ಮುಖ ಅರಳಿತು. ಅಲ್ಲಿಗೇ ನಿಲ್ಲಿಸಿದ್ದರೆ ಈ ಪತ್ರ ಇರುತ್ತಿರಲಿಲ್ಲ.

ನಿನಗೆ ಗೊತ್ತಲ್ಲ, ಒಂದು ಎಳೆ ಸಿಕ್ಕರೆ ಎಳೆಯುವ ಅಭ್ಯಾಸ ನನ್ನದು. ಎಳೆದೆ.

ಮೊದಲು ಅದು ಹೆಸರೇ ಆಗಿರಲಿಲ್ಲ. ಫಿನ್ಲೆಂಡಿನ ಪೂರ್ವ ಗಡಿಯ ಕರೇಲಿಯಾ ಕಡೆಯ ಹಳ್ಳಿಯ ಹಾಡುಗಳಲ್ಲಿ ಅನ್ನಿ ಅಂತ ಒಬ್ಬ ಹುಡುಗಿ ಬರುತ್ತಾಳೆ. ಅವಳನ್ನು ಕೊಂಡಾಡೋಕೆ "ಐನೊ ಹುಡುಗಿ" ಅಂತ ಹಾಡುತ್ತಿದ್ದರು. ನಮ್ಮಜ್ಜಿಯರು "ನನ್ನ ಬಂಗಾರಿ" ಅನ್ನುವ ಹಾಗೆ. ಎಲಿಯಾಸ್ ಲೊನ್‌ರೂಟ್ ಅಂತ ಒಬ್ಬ ಡಾಕ್ಟರ್ ಇದ್ದರು. ದರ್ಜಿಯ ಮಗ. ಕಾಯಾನಿ ಅನ್ನುವ ಸಣ್ಣ ಊರಿನಲ್ಲಿ ಕೆಲಸ. ಕಾಡು ಕೆರೆ ದಾಟಿ ನಡೆದು ಹೋಗಿ ಹಾಡು ಬರೆದುಕೊಳ್ಳುತ್ತಿದ್ದರು. ಅವನ್ನೆಲ್ಲ ಜೋಡಿಸಿ 1835ರಲ್ಲಿ ಕಾಲೆವಾಲಾ ಕಾವ್ಯ ಮಾಡಿದರು. 1849ರಲ್ಲಿ ಅದನ್ನೇ ಹಿಗ್ಗಿಸಿ 50 ಹಾಡುಗಳ ಕಾವ್ಯ ಮಾಡಿದರು, 22,795 ಸಾಲು. ಮುದ್ದಿನ ಆ ಮಾತನ್ನು ಹುಡುಗಿಯ ಹೆಸರು ಮಾಡಿದ್ದು ಅವರೇ.

ಆಮೇಲೆ ಅದು ಮನೆಮನೆಗೂ ಬಂತು. ಈ ದೇಶ 1809ರವರೆಗೆ ಸ್ವೀಡನ್ನಿನ ಕೈಯಲ್ಲಿತ್ತು, ಆಮೇಲೆ 1917ರವರೆಗೆ ರಷ್ಯಾದ ಕೈಯಲ್ಲಿ. ಓದಿದವರ ಮಾತು ಸ್ವೀಡಿಶ್. ಮನೆಯಲ್ಲಿ ಅನ್ನಿ ಅಂತ ಕರೆದರೂ ಚರ್ಚಿನ ಪುಸ್ತಕದಲ್ಲಿ ಅನ್ನಾ. ಅಂಥ ಕಾಲದಲ್ಲಿ ಮಗಳಿಗೆ ಐನೊ ಅಂತ ಹೆಸರಿಡುವುದು ಅಂದರೆ "ನಾವು ಫಿನ್ನಿಶ್ ಮಾತಾಡುವವರು" ಅಂತ ಎದೆಯೆತ್ತಿ ಹೇಳಿದ ಹಾಗೆ. 1871ರಲ್ಲಿ ಹುಟ್ಟಿದ ಐನೊ ಯಾರ್ನೆಫೆಲ್ಟ್ ಮುಂದೆ ಸಂಗೀತಗಾರ ಸಿಬೇಲಿಯಸ್ ಅವರ ಹೆಂಡತಿಯಾದರು. 1904ರಲ್ಲಿ ಕಟ್ಟಿದ ಅವರ ಮನೆಯ ಹೆಸರೇ ಐನೋಲಾ, ಐನೊ ಇರುವ ಜಾಗ. 97 ವರ್ಷ ಬದುಕಿದರು. ಇನ್ನೊಬ್ಬ ಐನೊ, ಹಾಡುಗಾರ್ತಿ ಅಕ್ತೆ, 1912ರಲ್ಲಿ ಸವೊನ್ಲಿನ್ನಾ ಊರಿನ ಹಳೇ ಕೋಟೆಯೊಳಗೆ ಒಪೆರಾ ಹಬ್ಬ ಶುರು ಮಾಡಿದರು. ಇಲ್ಲಿ ನಾವು ನೀರು ಕುಡಿಯುವ ಗಾಜಿನ ಲೋಟ ಕೂಡ ಒಬ್ಬ ಐನೊ ಮಾಡಿದ್ದು. ಐನೊ ಆಲ್ಟೊ, 1932. ಲೋಟದ ಸುತ್ತ ಬಳೆಬಳೆಯಾಗಿ ಗೆರೆಗಳಿವೆ. ನೀರಿಗೆ ಕಲ್ಲು ಹಾಕಿದಾಗ ಏಳುವ ಅಲೆಗಳು ಅವು.

ನೀರು. ಅದಕ್ಕೇ ಬರುತ್ತಿದ್ದೆ.

ಕಾವ್ಯದ ಐನೊ ಯಾರು ಗೊತ್ತಾ? ಯೋಕಹೈನೆನ್ ಅನ್ನುವ ಹುಡುಗನ ತಂಗಿ. ಅವನು ದೊಡ್ಡ ಹಾಡುಗಾರ ವೈನಮೊಯಿನೆನ್ ಜೊತೆ ಪಂದ್ಯಕ್ಕೆ ಹೋಗುತ್ತಾನೆ. ಆ ಮುದುಕ ಹಾಡಿನಿಂದಲೇ ಇವನನ್ನು ಕೆಸರಿಗೆ ಇಳಿಸುತ್ತಾನೆ. ಸೊಂಟದವರೆಗೆ, ಎದೆಯವರೆಗೆ, ಬಾಯಿಯವರೆಗೆ. ಹುಡುಗ ಬಿಲ್ಲು ಕೊಡುತ್ತೇನೆ ಅನ್ನುತ್ತಾನೆ. ಬೇಡ. ದೋಣಿ, ಕುದುರೆ, ಚಿನ್ನ, ಹೊಲ, ಯಾವುದೂ ಬೇಡ. ಕೊನೆಗೆ ತಂಗಿಯನ್ನು ಕೊಡುತ್ತೇನೆ ಅನ್ನುತ್ತಾನೆ. ಮುದುಕ ಹಾಡು ಹಿಂದಕ್ಕೆ ಹಾಡಿ ಅವನನ್ನು ಮೇಲೆ ಎತ್ತುತ್ತಾನೆ.

ಐನೊಗೆ ಇದು ಗೊತ್ತಾಗುವುದು ಆಮೇಲೆ. ಅಮ್ಮನಿಗೆ ಅಂಥ ದೊಡ್ಡ ಮನುಷ್ಯ ಅಳಿಯನಾಗುತ್ತಾನೆ ಅಂತ ಖುಷಿ. ಮಗಳು ಅತ್ತರೂ ಅಮ್ಮ ಹೇಳುವುದು ಬೆಣ್ಣೆ ತಿನ್ನು, ಮೈ ತುಂಬಿಕೋ, ಗುಡ್ಡದ ಮೇಲಿನ ಉಗ್ರಾಣದಲ್ಲಿ ಚಿನ್ನದ ಪಟ್ಟಿ ಇದೆ, ನೀಲಿ ಬಟ್ಟೆ ಇದೆ, ಹಾಕಿಕೋ ಅಂತ. ಅವಳು ಹಾಕಿಕೊಳ್ಳುತ್ತಾಳೆ. ನಡೆಯುತ್ತಾ ನೀರಿನ ದಡಕ್ಕೆ ಬರುತ್ತಾಳೆ. ಬಟ್ಟೆ ಕಳಚಿ ಈಜಿ ಹೋಗಿ ಒಂದು ಬಂಡೆ ಮೇಲೆ ಕೂರುತ್ತಾಳೆ. ಬಂಡೆ ಮುಳುಗುತ್ತದೆ. ಅವಳೂ.

ಇದನ್ನು ಓದಿ ಮೊದಲು ನನಗೆ ಭಯವಾಯಿತು. ಇಂಥ ಹೆಸರನ್ನು ಇಷ್ಟೊಂದು ಅಪ್ಪ ಅಮ್ಮಂದಿರು ಹೇಗೆ ಇಟ್ಟರು ಅಂತ. ಆಮೇಲೆ ಬೇರೆ ಭಯ ಶುರುವಾಯಿತು.

ಹಾಡಿನಲ್ಲಿ ಒಂದು ಕಡೆ, ಐನೊ ಕಾಡಿಗೆ ಹೋಗಿರುತ್ತಾಳೆ. ಸೌನಾ ಅನ್ನುವ ಬಿಸಿ ಹಬೆಯ ಕೋಣೆಯಲ್ಲಿ ಮೈಗೆ ಬಡಿದುಕೊಳ್ಳೋಕೆ ಬರ್ಚ್ ಮರದ ಎಳೆ ಕೊಂಬೆ ಕಟ್ಟು ಮಾಡುತ್ತಾರಲ್ಲ, ಅದನ್ನು ತರೋಕೆ. ಅಪ್ಪನಿಗೊಂದು ಕಟ್ಟುತ್ತಾಳೆ. ಅಮ್ಮನಿಗೊಂದು. ಮೂರನೆಯದು ಅಣ್ಣನಿಗೆ.

ಅಲ್ಲಿ ಮುದುಕ ಎದುರಾಗುತ್ತಾನೆ. ಅವಳು ಮೈಮೇಲಿನ ಮಣಿ, ಉಂಗುರ ಎಲ್ಲ ಕಿತ್ತು ಎಸೆದು ಅಳುತ್ತಾ ಮನೆಗೆ ಬರುತ್ತಾಳೆ. ಯಾಕೆ ಅಳುತ್ತೀಯ ಅಂತ ಅಪ್ಪ ಕೇಳಿದರೆ ಎದೆ ಮೇಲಿನ ಶಿಲುಬೆ ಬಿದ್ದುಹೋಯಿತು ಅನ್ನುತ್ತಾಳೆ. ಅಣ್ಣ ಕೇಳಿದರೆ ಬೆರಳಿನಿಂದ ಉಂಗುರ ಜಾರಿತು ಅನ್ನುತ್ತಾಳೆ. ನಿಜ ಹೇಳುವುದು ಅಮ್ಮನಿಗೆ ಮಾತ್ರ. ನಮ್ಮ ಭಾಗೀರಥಿ ನೆನಪಾದಳು ಕಣೋ. ಕೆರೆಗೆ ಹಾರ ಆಗುವ ಮುಂಚೆ ತವರಿಗೆ ಹೋದಾಗ, ಯಾಕೆ ಕಣ್ಣೀರು ಅಂತ ಕೇಳಿದ ಅಪ್ಪನಿಗೆ ಅವಳೂ ಸುಳ್ಳೇ ಹೇಳಿದ್ದು, ಬೇರೆ ಇಡುತ್ತಾರಂತೆ ಅಂತ. ನಿಜ ಹೇಳಿದ್ದು ಗೆಳತಿಗೆ. ಎಲ್ಲಿಯ ಕರೇಲಿಯಾ, ಎಲ್ಲಿಯ ನಮ್ಮ ಕೆರೆ. ಹೆಣ್ಣುಮಕ್ಕಳು ಹೇಳುವ ಸುಳ್ಳು ಒಂದೇ ಥರ.

ಉಂಗುರ ಜಾರಿತು ಅನ್ನುವಲ್ಲಿ ನಾನು ಪುಸ್ತಕ ಮಡಚಿಟ್ಟೆ.

ನಮ್ಮ ತಂಗಿಯ ಮದುವೆ ಹಿಂದಿನ ದಿನ ನಿನಗೆ ನೆನಪಿದೆಯಾ? ನೀನು ಚಪ್ಪರಕ್ಕೆ ತೆಂಗಿನ ಗರಿ ಹೊತ್ತು ಹೊತ್ತು ಹೆಗಲು ಕೆಂಪು ಮಾಡಿಕೊಂಡಿದ್ದೆ. ಬಳೆಗಾರ ಬಂದು ಹೋದ ಮೇಲೆ ಅವಳು ಹಿತ್ತಲಲ್ಲಿ ನೀರಿನ ತೊಟ್ಟಿ ಹತ್ತಿರ ಕೂತು ಅಳುತ್ತಿದ್ದಳು. ಯಾಕೆ ಅಂತ ಕೇಳಿದೆ. "ಬಳೆ ಬಿಗಿಯಾಗಿದೆ ಕಣಣ್ಣ" ಅಂದಳು. ನಾನು ನಂಬಿದೆ. ಅಡಿಗೆಮನೆಯಿಂದ ಎಣ್ಣೆ ತಂದು ಕೊಟ್ಟೆ.

ನಂಬಿದೆ ಅನ್ನುವುದು ಸುಳ್ಳು. ಇಷ್ಟು ವರ್ಷ ನನಗೆ ನಾನೇ ಹೇಳಿಕೊಂಡಿದ್ದು ಅದು. ನಂಬೋದು ಸುಲಭವಾಗಿತ್ತು, ಅದಕ್ಕೆ ನಂಬಿದೆ.

ಆ ವರ್ಷ ಕೊಬ್ಬರಿ ಬೆಲೆ ಬಿದ್ದಿತ್ತು. ನಂದು ಇಂಜಿನಿಯರಿಂಗ್ ಎರಡನೇ ವರ್ಷ. ಫೀಸು ಕಟ್ಟೋಕೆ ಅಪ್ಪನ ಹತ್ತಿರ ದುಡ್ಡಿಲ್ಲ. ಭಾವನ ಮನೆಯವರು ವರದಕ್ಷಿಣೆ ಬೇಡ ಅಂದರು. ನಿಮ್ಮ ಹುಡುಗನ ಓದಿಗೆ ಬೇಕಾದ್ದು ಈಗ ಕೊಡುತ್ತೇವೆ, ನಿಧಾನಕ್ಕೆ ತೀರಿಸಿ ಅಂದರು. ಅವಳಿಗೆ 19, ಭಾವನಿಗೆ 33. ಅವಳು ಬಿ.ಎ. ಎರಡನೇ ವರ್ಷದಲ್ಲಿದ್ದಳು. ಪುಸ್ತಕಗಳನ್ನು ಹಳೇ ಸೀರೆಯಲ್ಲಿ ಕಟ್ಟಿ ಅಟ್ಟಕ್ಕೆ ಇಟ್ಟಳು. ಕೊಡುತ್ತೇನೆ ಅನ್ನುವ ಮಾತು ಆಡಿದ್ದು ಅಪ್ಪ, ನಾನಲ್ಲ. ಆದರೆ ಆ ಮಾತು ನಡೆಯುವಾಗ ನಾನು ಪಕ್ಕದ ಕೋಣೆಯಲ್ಲೇ ಇದ್ದೆ ಗೆಳೆಯಾ. ಎಲ್ಲ ಕೇಳಿಸಿತು. ಕೆಸರು ಬಾಯಿಯವರೆಗೆ ಬಂದಿತ್ತು. ಎದ್ದು ಹೋಗಿ ಬೇಡ ಅನ್ನಲಿಲ್ಲ. ಆ ದುಡ್ಡಿನಲ್ಲೇ ಓದಿದೆ. ಆ ಓದಿನಿಂದಲೇ ಇಲ್ಲಿದ್ದೇನೆ.

ಭಾವ ಒಳ್ಳೆಯವರು. ನಿನಗೆ ಗೊತ್ತು. ವೈನಮೊಯಿನೆನ್ ಕೂಡ ಕೆಟ್ಟವನಲ್ಲ. ಅವನೇ ಆ ಕಾವ್ಯದ ದೊಡ್ಡ ನಾಯಕ. ಅದರಿಂದ ಆ ಹುಡುಗಿಯ ಪಾಲಿಗೆ ಏನೂ ಬದಲಾಗುವುದಿಲ್ಲ.

ಹೋದ ಶನಿವಾರ ಹೆಲ್ಸಿಂಕಿಗೆ ಹೋಗಿದ್ದೆ. ರೈಲ್ವೆ ಸ್ಟೇಷನ್ನಿನ ಹತ್ತಿರವೇ ಅತೇನಿಯಂ ಚಿತ್ರಶಾಲೆ. ಅಲ್ಲಿ ಆಕ್ಸೆಲಿ ಗಲೆನ್-ಕಲ್ಲೆಲಾ 1891ರಲ್ಲಿ ಬರೆದ ಐನೊ ಚಿತ್ರ ಇದೆ. ಒಂದೇ ಚೌಕಟ್ಟು, ಮೂರು ಚಿತ್ರ. ಎಡಕ್ಕೆ ಕಾಡಿನಲ್ಲಿ ಮುದುಕ ಎದುರಾಗಿದ್ದು. ಬಲಕ್ಕೆ ದಡದಲ್ಲಿ ಕೂತ ಐನೊ, ನೀರಿನ ಹುಡುಗಿಯರು ಅವಳನ್ನು ಕರೆಯುತ್ತಿದ್ದಾರೆ. ಮಧ್ಯದಲ್ಲಿ ದೋಣಿಯಿಂದ ನೀರಿಗೆ ಜಾರಿಹೋಗುತ್ತಿರುವ ಐನೊ, ಹಿಡಿಯೋಕೆ ಕೈ ಚಾಚಿದ ಮುದುಕ. ತುಂಬಾ ಹೊತ್ತು ನಿಂತಿದ್ದೆ. ಮೂರು ಚಿತ್ರದಲ್ಲೂ ಅಣ್ಣ ಇಲ್ಲ. ಕೊಡುತ್ತೇನೆ ಅಂದವನು ಎಲ್ಲೂ ಇಲ್ಲ.

ಹಾಡಿನಲ್ಲಿ ಮಾತ್ರ ಅವಳು ಅವನನ್ನು ಮರೆಯುವುದಿಲ್ಲ. ಮುಳುಗುವಾಗ ಹೇಳುತ್ತಾಳೆ: ಅಪ್ಪ ಈ ನೀರಿನಲ್ಲಿ ಮೀನು ಹಿಡಿಯಬಾರದು, ಅಮ್ಮ ಈ ನೀರಿನಲ್ಲಿ ಹಿಟ್ಟು ಕಲಸಬಾರದು, ಅಣ್ಣ ಇಲ್ಲಿ ಕುದುರೆಗೆ ನೀರು ಕುಡಿಸಬಾರದು. ಇಲ್ಲಿಯ ನೀರೆಲ್ಲ ನನ್ನ ರಕ್ತ, ಮೀನೆಲ್ಲ ನನ್ನ ಮೈ ಅಂತ. ಸುದ್ದಿ ಮನೆಗೆ ಮುಟ್ಟಿಸುವುದು ಒಂದು ಮೊಲ. ಆಮೇಲೆ ಆ ಅಮ್ಮ ಅಳುತ್ತಾಳೆ. ಎಲ್ಲ ತಾಯಂದಿರಿಗೂ ಹೇಳುತ್ತಾಳೆ, ಮನಸ್ಸಿಲ್ಲದ ಮದುವೆಗೆ ಮಗಳನ್ನು ನೂಕಬೇಡಿ ಅಂತ. ಇದನ್ನು ಓದಿದ ಜನ ತಮ್ಮ ಮಗಳಿಗೆ ಐನೊ ಅಂತ ಹೆಸರಿಟ್ಟರು. ಈಗ ನನಗೆ ಅದು ವಿಚಿತ್ರ ಅನ್ನಿಸುವುದಿಲ್ಲ.

ಭಾನುವಾರ ತಂಗಿಗೆ ಫೋನ್ ಮಾಡಿದೆ. ಕಥೆಯೆಲ್ಲ ಹೇಳಿದೆ. ಆಮೇಲೆ ಪಕ್ಕದ ಕೋಣೆಯ ವಿಷಯ ಹೇಳಿದೆ. ತಪ್ಪಾಯ್ತು ಅಂದೆ. ಗಂಟಲು ಕಟ್ಟಿತು. ಅವಳು ಸ್ವಲ್ಪ ಹೊತ್ತು ಸುಮ್ಮನಿದ್ದಳು. ಕುಕ್ಕರ್ ಎರಡು ಸಲ ಕೂಗಿದ್ದು ಕೇಳಿಸಿತು. "ನೀನು ಪಕ್ಕದ ಕೋಣೆಯಲ್ಲಿ ಇದ್ದಿದ್ದು ನಂಗೆ ಗೊತ್ತಿತ್ತು" ಅಂದಳು.

ಏನು ಹೇಳಲಿ ಅದಕ್ಕೆ? ನಾನು ಏನೂ ಹೇಳಲಿಲ್ಲ.

ಆಮೇಲೆ ಅವಳೇ ಕೇಳಿದಳು, "ಆ ಹುಡುಗಿ ಮುಳುಗಿದ ಮೇಲೆ ಮುಗೀತಾ ಕಥೆ?" ಇಲ್ಲ, ಮುಗಿಯಲ್ಲ ಅಂದೆ. ಮುದುಕ ಅವಳನ್ನು ಹುಡುಕಿಕೊಂಡು ನೀರಿಗೆ ಗಾಳ ಹಾಕುತ್ತಾನೆ. ಯಾವುದನ್ನೂ ಹೋಲದ ಒಂದು ಮೀನು ಸಿಗುತ್ತದೆ. ಕೊಯ್ದು ಅಡಿಗೆ ಮಾಡೋಣ ಅಂತ ಚಾಕು ತೆಗೆಯುತ್ತಾನೆ. ಮೀನು ಕೈಯಿಂದ ಜಾರಿ ನೀರಿಗೆ ಹಾರುತ್ತದೆ. ತಲೆ ಎತ್ತಿ ಹೇಳುತ್ತದೆ: ನಾನು ಐನೊ ಕಣೋ ಮುದುಕ, ನಿನ್ನ ಕೈಗೇ ಬಂದಿದ್ದೆ, ನಿನಗೆ ಗುರುತು ಸಿಗಲಿಲ್ಲ, ಹಿಡಿದಿಟ್ಟುಕೊಳ್ಳೋಕೂ ಬರಲಿಲ್ಲ. ಅಷ್ಟು ಹೇಳಿ ಹೋಗುತ್ತದೆ, ಮತ್ತೆ ಸಿಗುವುದೇ ಇಲ್ಲ.

ತಂಗಿ ನಕ್ಕಳು. ಚೆನ್ನಾಗಿ ನಕ್ಕಳು. "ಆ ಮೀನಿಂದು ಇನ್ನೊಂದ್ಸಲ ಹೇಳು" ಅಂದಳು. ಹೇಳಿದೆ. "ಇಡು ಅದೇ ಹೆಸರು" ಅಂದಳು. ಈ ಪತ್ರ ಎಲ್ಲರ ಮುಂದೆ ಹಾಕಲಾ ಅಂತಲೂ ಕೇಳಿದೆ. ಹಾಕು, ನನ್ನ ಹೆಸರು ಬರೀಬೇಡ ಅಂದಳು. ಹಾಗಾಗಿ ಬರೆದಿಲ್ಲ. ಮಗಳ ಎರಡನೇ ಹೆಸರು ಅವಳದ್ದೇ. ನಿನಗೆ ಗೊತ್ತಲ್ಲ, ಅಷ್ಟು ಸಾಕು.

ಇಷ್ಟೆಲ್ಲ ಬರೆಯಬೇಕು ಅಂತ ಕೂತಿರಲಿಲ್ಲ. ಹೆಸರಿನ ಅರ್ಥ ಹೇಳಿ, ಲೋಟದ ಕಥೆ ಹೇಳಿ ಮುಗಿಸೋಣ ಅಂತಿದ್ದೆ. ಇರಲಿ. ಅಳಿಸುವುದಿಲ್ಲ.

ಈಗ ಅಮ್ಮನ ಸಮಾಚಾರ ಕೇಳು. ಹೆಸರು ಐನೊ ಅಂತ ಹೇಳಿದ ತಕ್ಷಣ ಅವರು "ಅಯ್ನೋರಾ? ಯಾವ ಮಠದ ಅಯ್ನೋರು?" ಅಂತ ಕೇಳಿದರು. ಅಲ್ಲಮ್ಮ, ಐನೊ ಅಂದೆ. ಆದರೂ ನೆನ್ನೆಯಿಂದ ಮಗುವನ್ನು ನೋಡಿದಾಗಲೆಲ್ಲ "ಅಯ್ನೋರು ಹಾಲು ಕುಡಿದ್ರಾ? ಅಯ್ನೋರು ನಿದ್ದೆ ಮಾಡಿದ್ರಾ?" ಅಂತ ಬಹುವಚನದಲ್ಲೇ ಮಾತಾಡಿಸುತ್ತಿದ್ದಾರೆ. ಮನೆಯಲ್ಲಿ ಇಷ್ಟು ಮರ್ಯಾದೆ ಯಾವ ಮಗುವಿಗೂ ಸಿಕ್ಕಿರಲಿಲ್ಲ ಬಿಡು.

ಹೆಸರಿನ ಅರ್ಜಿ ನಾಳೆ ಬೆಳಿಗ್ಗೆ ಕಳಿಸುತ್ತೇನೆ. ನೀನು ಜುಲೈನಲ್ಲಿ ಬರುವಾಗ ಚಕ್ಕುಲಿ ಒರಳು ಮರೆಯಬೇಡ. ಹಿತ್ತಾಳೆಯದ್ದೇ ಬೇಕು. ಮೂರನೇ ಪ್ಲಾಟ್‌ಫಾರ್ಮಿನಲ್ಲಿ ಮಾಡಿದ ಹಾಗೆ ಮಾಡಬೇಡ ಮತ್ತೆ.

ಇದೋ, ಅಯ್ನೋರು ಎದ್ದರು.

ನಿನ್ನ
ಗೆಳೆಯ