ಪುಟ್ಟನಿಗೆ, ರಾಜೀನಾಮೆ ಕಳಿಸೋ ಮುಂಚೆ

ಪುಟ್ಟಾ,

ನಿನ್ನ ಅಮ್ಮ ನಿನ್ನೆ ಫೋನ್ ಮಾಡಿ ಅತ್ತೇಬಿಟ್ಲು. ಡಿಸೈನ್ ಟೀಮಿಂದ ತೆಗ್ದು ಟೆಸ್ಟಿಂಗಿಗೆ ಹಾಕಿದ್ರಂತೆ, ಕಲಿತದ್ದೆಲ್ಲ ಹೊಳೇಲಿ ಹುಣಸೆಹಣ್ಣು ತೊಳೆದ ಹಾಗಾಯ್ತು ಅಂತ ನೀನು ರಾಜೀನಾಮೆ ಬರೀತಾ ಕೂತಿದ್ದೀಯಂತೆ. ಫೋನಲ್ಲಿ ಹೇಳಿದ್ರೆ ಮಧ್ಯೆ ಬಾಯಿ ಹಾಕ್ತೀಯ ಅಂತ ಬರೀತಿದ್ದೀನಿ, ಪೂರ್ತಿ ಓದು ಮಾರಾಯ.

ನಾನು ಮಲ್ಪೆಯಲ್ಲಿ ಟ್ರಾಲ್ ಬೋಟಿನ ವಿಂಚ್, ಅಂದ್ರೆ ಬಲೆ ಎಳೆಯೋ ಮಷಿನಿನ ಪಕ್ಕ ಎಷ್ಟು ವರ್ಷ ನಿಂತೆ ಅಂತ ನಿನಗೆ ಗೊತ್ತು. ಅಮೆರಿಕದಲ್ಲಿ ನೀನಿರೋ ನಾರ್ತ್ ಕೆರೊಲಿನಾದ ಸಮುದ್ರದಲ್ಲೇ, ಕೇಪ್ ಲುಕ್‌ಔಟ್ ಕಡೆ, ಅಂಥದೇ ಒಂದು ಬೋಟು, ಟ್ರಾಲರ್, ಮುಳುಗಿ ಬಿದ್ದಿದೆ. ಇಂಗ್ಲೆಂಡಿನ ಗ್ರಿಮ್ಸ್‌ಬಿ ಬಂದರಿನದ್ದು, ಹೆಸರು ಬೆಡ್‌ಫರ್ಡ್‌ಶೈರ್. 1935ರಲ್ಲಿ ಮೀನು ಹಿಡಿಯೋಕೇ ಕಟ್ಟಿದ್ದು, ಕಲ್ಲಿದ್ದಲಿನ ಬೋಟು. 1939ರ ಆಗಸ್ಟಲ್ಲಿ, ಎರಡನೇ ಮಹಾಯುದ್ಧ ಶುರುವಾಗೋಕೆ ಸ್ವಲ್ಪ ಮುಂಚೆ, ಬ್ರಿಟಿಷ್ ನೌಕಾಪಡೆ ಅದನ್ನ ತಗೊಂಡು ಮುಂದೆ 4 ಇಂಚಿನ ತೋಪು, ಹಿಂದೆ ನೀರೊಳಗೆ ಸಿಡಿಯೋ ಬಾಂಬು ಡೆಪ್ತ್ ಚಾರ್ಜು, ನೀರಿನ ಕೆಳಗೆ ಸದ್ದು ಬಿಟ್ಟು ಪ್ರತಿಧ್ವನಿ ಕೇಳೋ ಆಸ್ಡಿಕ್ ಮಷಿನು ಎಲ್ಲ ಹಾಕ್ತು. ಇಂಥ ಬೋಟುಗಳಲ್ಲಿ ಮೀನು ತುಂಬೋ ಜಾಗವೇ ಜನ ಮಲಗೋ ಜಾಗ, ಆ ವಾಸನೆ ಹೇಗಿದ್ದಿರಬೇಕು ಅಂತ ನನಗೆ ಗೊತ್ತು, ನಿನಗೆ ಗೊತ್ತಿಲ್ಲ.

ನೌಕಾಪಡೆಗೆ ಮೀನಿನ ಬೋಟಿನ ಹುಚ್ಚು ಹಿಡಿದದ್ದು ಅದಕ್ಕೂ ಬಹಳ ಹಿಂದೆ. 1907ರಲ್ಲಿ ಬೆರೆಸ್‌ಫರ್ಡ್ ಅನ್ನೋ ಅಡ್ಮಿರಲ್ ಗ್ರಿಮ್ಸ್‌ಬಿಗೆ ಹೋಗಿ ಬಂದು, ಸಮುದ್ರದ ಮೈನು, ಅಂದ್ರೆ ನೀರೊಳಗೆ ಲಂಗರು ಹಾಕಿಟ್ಟ ಬಾಂಬು, ತೆಗೆಯೋಕೆ ಇವರೇ ಸರಿ ಅಂದ್ರು. ಯಾಕಂದ್ರೆ ಭಾರದ ವೈರು ಎಳೆಯೋದು, ಅಲೆಯಲ್ಲಿ ವಿಂಚ್ ಓಡಿಸೋದು ಇವರ ದಿನದ ಕೆಲಸ. ನಮ್ಮ ಬಲೆ ಬಾಯಿ ಅಗಲ ಮಾಡೋಕೆ ಬೋರ್ಡ್ ಕಟ್ತೀವಲ್ಲ, ಅದೇ ತರದ ಬೋರ್ಡು ಮೈನು ತೆಗೆಯೋ ಸ್ವೀಪ್ ವೈರನ್ನ ಬೋಟಿಂದ ದೂರ ಎಳ್ಕೊಂಡು ಹೋಗತ್ತೆ, ಮೈನಿನ ಲಂಗರಿನ ಹಗ್ಗ ಕಟ್ ಆದ್ರೆ ಮೈನು ಮೇಲೆ ಬರತ್ತೆ, ಬಂದೂಕಲ್ಲಿ ಹೊಡೀತಾರೆ. ಆ ಸ್ವೀಪಿಗೆ ಒರೊಪೇಸಾ ಅಂತ ಹೆಸರು, ಮೊದಲು ಪರೀಕ್ಷೆ ಮಾಡಿದ ಟ್ರಾಲರ್ ಹೆಸರೇ ಅದು. ಇದನ್ನ ಓದಿದ ದಿನ ನಾನು ಅರ್ಧ ಗಂಟೆ ಸುಮ್ನೆ ಕೂತಿದ್ದೆ. ಇಡೀ ಜೀವನ ಬಂಗುಡೆ, ಸಿಗಡಿ ಎಳೆದ ಕೈಗೆ ಈ ಕೆಲಸವೂ ಬರ್ತಿತ್ತಲ್ಲ ಅಂತ.

ಅದಕ್ಕೇ ಹೇಳೋದು, ಕೆಲಸದ ಹೆಸರು ಬದಲಾದ್ರೆ ಕೈ ಬದಲಾಗಲ್ಲ. ಡಿಸೈನ್ ಮಾಡಿದವನಿಗೆ ಅದು ಎಲ್ಲಿ ಮುರಿಯತ್ತೆ ಅಂತ ಗೊತ್ತಿರತ್ತೆ, ಟೆಸ್ಟಿಂಗಿಗೆ ಅದಕ್ಕಿಂತ ಇನ್ನೇನು ಬೇಕು? ಆದ್ರೆ ನಾನು ಬಾಯಿ ಮುಚ್ಕೊಂಡು ಇರು ಅಂತಿಲ್ಲ. ಹೊಸ ಕೆಲಸಕ್ಕೆ ಹಾಕಿದವರು ಟ್ರೇನಿಂಗ್ ಕೊಡ್ತಾರಾ, ಟೂಲ್ಸ್ ಕೊಡ್ತಾರಾ, ಎಷ್ಟು ದಿನಕ್ಕೆ ಅಂತ ಕೇಳು, ಲಿಖಿತದಲ್ಲಿ ಕೇಳು. ಬೆಡ್‌ಫರ್ಡ್‌ಶೈರಿಗೂ ತೋಪು, ಆಸ್ಡಿಕ್ ಎಲ್ಲ ಕೊಟ್ಟೇ ಕಳಿಸಿದ್ರು, ಆದ್ರೆ ಸ್ಪೀಡ್ ಕೊಡೋಕೆ ಆಗ್ಲಿಲ್ಲ, ನೀರ ಮೇಲೆ ಓಡೋ ಜರ್ಮನ್ ಸಬ್‌ಮೆರೀನು ಅದಕ್ಕಿಂತ ಜೋರು.

1942ರಲ್ಲಿ ಅಮೆರಿಕದ ಪೂರ್ವ ಕರಾವಳಿಯಲ್ಲಿ ಸಬ್‌ಮೆರೀನುಗಳು ಹಡಗು ಮೇಲೆ ಹಡಗು ಮುಳುಗಿಸ್ತಿದ್ವು, ತೀರದ ಊರುಗಳಲ್ಲಿ ದೀಪ ಕೂಡ ಆರಿಸಿರ್ಲಿಲ್ಲ, ಆ ಬೆಳಕಿಗೆ ಅಡ್ಡ ಬಂದ ಹಡಗು ಎದ್ದು ಕಾಣೋದು. ಕಾವಲಿಗೆ ಅವರ ಹತ್ರ ಹಡಗು ಸಾಲದೆ ಬ್ರಿಟನ್ 24 ಟ್ರಾಲರ್ ಕಳಿಸ್ತು, ಇದೂ ಅದರಲ್ಲಿ ಒಂದು. ಮೇ 11ರ ರಾತ್ರಿ ಯು-558 ಅನ್ನೋ ಜರ್ಮನ್ ಸಬ್‌ಮೆರೀನು ಬಿಟ್ಟ ಟಾರ್ಪಿಡೋ ತಾಗಿ ಬೋಟಲ್ಲಿದ್ದ ಒಬ್ರೂ ಉಳೀಲಿಲ್ಲ. ಬೋಟು ಹೊರಡೋ ಹೊತ್ತಿಗೆ ಬಂದರಿಗೆ ಬಾರದೇ ಹೋದ ಒಬ್ಬ ಸ್ಟೋಕರ್, ಬಾಯ್ಲರಿಗೆ ಕಲ್ಲಿದ್ದಲು ಹಾಕೋನು, ಮಾತ್ರ ಬದುಕಿದ. ಅವನು ಆಮೇಲೆ ಹೇಗೆ ನಿದ್ದೆ ಮಾಡಿದ್ನೋ.

ಕೆಲವು ದಿನದಲ್ಲಿ ಒಕ್ರಕೋಕ್ ದ್ವೀಪದ ತೀರಕ್ಕೆ ನಾಲ್ಕು ಹೆಣ ಬಂತು. ಒಂದು ಆ ಬೋಟಿನ ಸಬ್‌ಲೆಫ್ಟಿನೆಂಟ್ ಥಾಮಸ್ ಕನಿಂಗ್‌ಹ್ಯಾಮ್ ಅವರದ್ದು. ಅದಕ್ಕೂ ಕೆಲ ವಾರ ಮುಂಚೆ, ಬೇರೆ ಹಡಗಲ್ಲಿ ಸತ್ತ ಬ್ರಿಟಿಷರನ್ನ ಮಣ್ಣು ಮಾಡೋವಾಗ ಹೊದಿಸೋಕೆ ಬಾವುಟ ಬೇಕು ಅಂತ ಅಮೆರಿಕದ ಅಧಿಕಾರಿಯೊಬ್ರು ಕೇಳಿದಾಗ ಕೊಟ್ಟಿದ್ದು ಇದೇ ಕನಿಂಗ್‌ಹ್ಯಾಮ್. ಆ ಬಾವುಟಗಳಲ್ಲಿ ಒಂದು ಕೊನೆಗೆ ಅವರ ಪೆಟ್ಟಿಗೆ ಮೇಲೇ ಬಿತ್ತು. ಇನ್ನೊಂದು ಹೆಣದ ಗುರುತು ಸಿಕ್ತು, ಉಳಿದ ಎರಡು ಯಾರದ್ದು ಅಂತ ಗುರುತು ಹತ್ತಲಿಲ್ಲ.

ಆ ನಾಲ್ಕು ಗೋರಿ ಈಗಲೂ ಇದೆ, ಬಿಳಿ ಬೇಲಿ, ಬ್ರಿಟಿಷ್ ಬಾವುಟ, ಪ್ರತಿ ಮೇ ತಿಂಗಳು ಗೌರವ ಸಲ್ಲಿಸ್ತಾರೆ. ಸೇತುವೆ ಇಲ್ಲ, ಫೆರ್ರಿಯಲ್ಲೇ ಹೋಗ್ಬೇಕು. ಈ ಶನಿವಾರ ಕಾರ್ ತಗೊಂಡು ಹೋಗು, ಜಾಕೆಟ್ ಮರೀಬೇಡ, ಗಾಳಿ ಇರತ್ತೆ. ರಾಜೀನಾಮೆ ಮೇಲ್ ಡ್ರಾಫ್ಟಲ್ಲೇ ಇರ್ಲಿ, ಸೋಮವಾರ ಮೇನೇಜರ್ ಹತ್ರ ಕೂತು ಮಾತಾಡು, ಆಮೇಲೆ ಬೇಕಾದ್ರೆ ಕಳ್ಸು, ನಾನು ಅಡ್ಡ ಬರಲ್ಲ. ಇವತ್ತು ಮಾತ್ರ ಅಮ್ಮನಿಗೆ ಫೋನ್ ಮಾಡು, ಊಟ ಬಿಟ್ಟು ಕೂತಿದ್ದಾಳೆ.

ನಿನ್ನ ಸೋದರಮಾವ